ಭಾನುವಾರ ಬರುವ ಸತ್ತವರು

ಹೋಟೆಲುಗಳ ಹೊದಿಕೆ, ಹಾಸುಬಟ್ಟೆ ಒಗೆಯುವ ಲಾಂಡ್ರಿಯೊಂದರಲ್ಲಿ ಅವಳು ಇಸ್ತ್ರಿ ಮಾಡುತ್ತಿದ್ದಳು. ಆರು ವರ್ಷದ ಒಬ್ಬಳೇ ಮಗಳು. ಹುಟ್ಟಿದಾಗ ಅಂಗೈಯಲ್ಲಿ ಹಿಡಿಸುವಷ್ಟೇ ಇದ್ದುದರಿಂದ ನರ್ಸಮ್ಮ "ಇದೇನಮ್ಮ, ಒಳ್ಳೆ ಜೀರಿಗೆ ಕಾಳು ಹೆತ್ತಿದ್ದೀಯ" ಅಂದಿದ್ದಳಂತೆ. ಆ ಹೆಸರೇ ನಿಂತುಬಿಟ್ಟಿತು. ಮಗಳು ಜೀರಿಗೆಯಾದ ಮೇಲೆ ತಾಯಿ ಗಲ್ಲಿಯವರಿಗೆಲ್ಲ ಜೀರಿಗೆಯಮ್ಮ ಆದಳು. ಗಂಡ ಕಟ್ಟಡದ ಕೆಲಸ ಹುಡುಕಿಕೊಂಡು ದೂರದ ಊರಿಗೆ ಹೋದವನು ಮೊದಮೊದಲು ಫೋನು ಮಾಡುತ್ತಿದ್ದ, ಆಮೇಲೆ ಫೋನು ಹೋಗುವುದೇ ನಿಂತಿತು. ಸತ್ತನೋ, ಬೇರೆ ಸಂಸಾರ ಹೂಡಿದನೋ ಎಂದು ಯೋಚಿಸುವುದನ್ನು ಅವಳು ಬಿಟ್ಟಿದ್ದಳು. ಕಾದ ಇಸ್ತ್ರಿ ಪೆಟ್ಟಿಗೆ ಹಿಡಿದು ನಿಂತವಳಿಗೆ ಯೋಚನೆ ಮಾಡುವ ಪುರುಸೊತ್ತೂ ಇರುವುದಿಲ್ಲ. ಕೈ ಸ್ವಲ್ಪ ತಡೆದರೆ ಬಟ್ಟೆ ಕಂದುತ್ತದೆ.

ದೊಡ್ಡ ಹೋಟೆಲುಗಳೆಲ್ಲ ತಮ್ಮದೇ ಯಂತ್ರ ತಂದುಕೊಂಡ ವರ್ಷ ಲಾಂಡ್ರಿ ಮುಚ್ಚಿತು. ಮಾಲೀಕ ಬಾಯ್ಲರನ್ನು ಗುಜರಿಗೆ ಹಾಕಿ, ಕೆಲಸದವರಿಗೆ ಕೊನೆಯ ಸಂಬಳದ ಬದಲು ಹರಿದ ಹಾಸುಬಟ್ಟೆಗಳ ಒಂದೊಂದು ಗಂಟು ಕೊಟ್ಟ. "ಒಳ್ಳೆ ಬಟ್ಟೆ ಕಣ್ರಮ್ಮ, ಮಾರಿದ್ರೂ ಕಾಸು ಬರುತ್ತೆ" ಅಂದ. ಕೊಳ್ಳುವವರು ಯಾರೂ ಸಿಗಲಿಲ್ಲ. ಆ ಚಳಿಗಾಲ ಗಲ್ಲಿಯ ಅರ್ಧ ಮನೆಗಳ ಕಿಟಕಿಗೆ ಹೋಟೆಲಿನ ಮುದ್ರೆಯಿದ್ದ ಬಿಳಿ ಪರದೆ ತೂಗಿತು.

ತಾಯಿ ಮಗಳು ಇದ್ದದ್ದು ಸೈಕಲ್ ರಿಪೇರಿ ಅಂಗಡಿಯ ಹಿಂದಿನ ಒಂದು ಕೋಣೆಯಲ್ಲಿ. ಅಂಗಳದಲ್ಲಿ ನಲ್ಲಿ, ಗೋಡೆಗೆ ಸುಣ್ಣ, ಒಂದು ಸ್ಟವ್. ಜೀರಿಗೆಯಮ್ಮ ಕೆಲಸ ಕೇಳದ ಬಾಗಿಲಿಲ್ಲ. ಮನೆಗೆಲಸಕ್ಕೆ ಹೋದರೆ "ಮಗೂನ ಕರ್ಕೊಂಡು ಬರಬೇಡ" ಅನ್ನುತ್ತಿದ್ದರು. ಬಿಟ್ಟು ಬರಲು ಜನವಿರಲಿಲ್ಲ. ಬಟ್ಟೆ ಕಾರ್ಖಾನೆಗೆ ಹೋದರೆ ಹೊಲಿಗೆ ಬರುತ್ತದೆಯೇ ಎಂದು ಕೇಳಿ ಕಳಿಸುತ್ತಿದ್ದರು. ಮನೆಯಲ್ಲಿ ಮೊದಲು ಎಣ್ಣೆ ಮುಗಿಯಿತು, ಆಮೇಲೆ ಬೇಳೆ, ಆಮೇಲೆ ಅಕ್ಕಿ. ಸ್ಟವ್ ಮಾರಿದ ದಿನ ಬೇಯಿಸುವ ಚಿಂತೆಯೂ ಹೋಯಿತು. ಪಕ್ಕದ ಮನೆಯಾಕೆ ಅನ್ನ ಬಸಿದ ಗಂಜಿಯನ್ನು ಒಂದು ಲೋಟದಲ್ಲಿ ಕೊಡುತ್ತಿದ್ದಳು. ಅದಕ್ಕೆ ಉಪ್ಪು ಹಾಕಿ, ಮುಕ್ಕಾಲು ಮಗಳಿಗೆ, ಕಾಲು ತನಗೆ. ಒಂದು ಮಧ್ಯಾಹ್ನ ಅವಳು ಒಳಗೆ ಬಂದಾಗ ಜೀರಿಗೆ ಗೋಡೆಗೆ ಮುಖ ಮಾಡಿ ಕೂತಿದ್ದಳು. ಬೆರಳ ತುದಿಗಳೆಲ್ಲ ಬೆಳ್ಳಗಾಗಿದ್ದವು. ಸುಣ್ಣ ಕೆರೆದು ತಿನ್ನುತ್ತಿದ್ದಳು.

"ಎಷ್ಟು ದಿನದಿಂದ ತಿಂತಿದ್ದೀಯ?"

"ಇದು ಪರವಾಗಿಲ್ಲಮ್ಮ. ಆ ಕಡೆ ಗೋಡೆದು ಕಹಿ" ಅಂದಳು ಮಗಳು.

ಲಾಂಡ್ರಿಗೆ ಮಕ್ಕಳ ಆಶ್ರಮವೊಂದರ ಬಟ್ಟೆ ತರುತ್ತಿದ್ದ ವ್ಯಾನಿನವನು ಅವಳಿಗೆ ನೆನಪಾದದ್ದು ಆಗ. ಬಾಯ್ತುಂಬ ಮಾತಾಡುವ, ಕೂದಲು ನೆರೆತ ಮನುಷ್ಯ. ಅವನ ಮನೆ ಹುಡುಕಿಕೊಂಡು ಹೋದಳು. ಅವನು ಎಲ್ಲ ಕೇಳಿಸಿಕೊಂಡು ಮೀಸೆ ತಿಕ್ಕಿದ.

"ಅಲ್ಲಿ ಹೊತ್ತುಹೊತ್ತಿಗೆ ಊಟ ಹಾಕ್ತಾರಮ್ಮ. ಆದರೆ ಅಪ್ಪ ಅಮ್ಮ ಇಬ್ಬರೂ ಇಲ್ಲದ ಮಕ್ಕಳನ್ನ ಮಾತ್ರ ಇಟ್ಕೊಳ್ಳೋದು."

"ಅಪ್ಪ ಇಲ್ಲ ಅಣ್ಣ."

"ನೀನಿದ್ದೀಯಲ್ಲ. ಅದೇ ತೊಡಕು." ಮೀಸೆಯಿಂದ ಕೈ ತೆಗೆದು ಮತ್ತೆ ಹೇಳಿದ: "ಮೊನ್ನೆ ಅಡುಗೆಯವಳು ಬಿಟ್ಟುಹೋದಳು. ಬಂದು ದೊಡ್ಡಮ್ಮನ್ನ ನೋಡು."

ದೊಡ್ಡಮ್ಮ ಅಂದರೆ ಆಶ್ರಮ ನಡೆಸುವ ಹೆಂಗಸು. ಮಕ್ಕಳಿಂದ ಹಿಡಿದು ತರಕಾರಿಯವನ ತನಕ ಎಲ್ಲರೂ ಅವಳನ್ನು ಕರೆಯುವುದು ಹಾಗೆಯೇ. ತುಂಬಿದ ಮೈ, ಮೆತ್ತನೆ ದನಿ, ಬೀಗದ ಕೈಗೊಂಚಲು ಸೊಂಟದಲ್ಲಿ. ಅವಳು ತಾಯಿಯನ್ನು ಮೇಲಿಂದ ಕೆಳಗೆ ಒಮ್ಮೆ ನೋಡಿ, ಮಗಳನ್ನು ಹತ್ತಿರ ಕರೆದು ಗಲ್ಲ ಎತ್ತಿದಳು. ಜೀರಿಗೆಯ ಮುಖದಲ್ಲಿ ಉಳಿದದ್ದೆಲ್ಲ ಕಣ್ಣೇ. ಕುತ್ತಿಗೆಯ ಮೂಳೆಗಳ ನಡುವೆ ನೀರು ನಿಲ್ಲುವಷ್ಟು ಗುಳಿ.

"ಒಳ್ಳೆ ಕಣ್ಣು" ಅಂದಳು ದೊಡ್ಡಮ್ಮ. "ಮಗು ಇರಲಿ. ಅಡುಗೆ ಬರುತ್ತೆ ಅಂದರೆ ನೀನೂ ಇರು. ಉಗ್ರಾಣದ ಪಕ್ಕ ಜಾಗ ಇದೆ, ಊಟ ಇದೆ. ಸಂಬಳ ಅಂತ ಇಲ್ಲ. ಇನ್ನೊಂದು ಮಾತು. ಇಲ್ಲಿರೋರೆಲ್ಲ ಅನಾಥ ಮಕ್ಕಳು. ಇವಳಿಗೂ ನಿನಗೂ ಏನೂ ಸಂಬಂಧ ಇಲ್ಲ. ಇವಳು ನಿನ್ನನ್ನ ಅಮ್ಮ ಅಂದ ದಿನ ಇಬ್ಬರೂ ಗೇಟಿನಾಚೆ. ಆಗುತ್ತಾ?"

ಜೀರಿಗೆಯಮ್ಮ ಉತ್ತರ ಕೊಡುವ ಮೊದಲೇ ಒಳಗಿನಿಂದ ಬೆಂದ ಬೇಳೆಯ ವಾಸನೆ ಬಂತು. ಮಗಳ ಮೂಗು ಆ ಕಡೆ ತಿರುಗಿದ್ದನ್ನು ಕಂಡಳು.

"ಆಗುತ್ತೆ ದೊಡ್ಡಮ್ಮ" ಅಂದಳು.

ಹೊರಗಿನ ಮೆಟ್ಟಿಲ ಮೇಲೆ ಮಗಳನ್ನು ಕೂರಿಸಿಕೊಂಡು ಆಟವೊಂದನ್ನು ಕಲಿಸಿದಳು. "ನಾನು ಯಾರು?" ಎಂದು ಕೇಳುತ್ತಿದ್ದಳು. "ಅಮ್ಮ" ಅಂದರೆ ಸೋಲು, "ಅಡುಗೆಯಕ್ಕ" ಅಂದರೆ ಗೆಲುವು. ಜೀರಿಗೆ ಮೊದಲು ಎರಡು ಸಲ ಸೋತಳು, ಆಮೇಲೆ ಸೋಲಲೇ ಇಲ್ಲ. ಒಳಗೆ ತಟ್ಟೆಯ ಮುಂದೆ ಕೂತಾಗ, ಬಡಿಸಲು ಬಂದ ತಾಯಿಯನ್ನು ನೋಡಿ "ಅಡುಗೆಯಕ್ಕ, ಇನ್ನೂ ಸ್ವಲ್ಪ ಹಾಕಿ" ಅಂದಳು. ಬಹುವಚನವನ್ನು ತಾನೇ ಸೇರಿಸಿದ್ದಳು.

ಜೀರಿಗೆಯಮ್ಮ ಆ ಮನೆಯ ಅಡುಗೆ ಹಿಡಿದಳು. ಇಪ್ಪತ್ತಕ್ಕಿಂತ ಹೆಚ್ಚು ಮಕ್ಕಳು. ಒಲೆ ಎರಡು, ಪಾತ್ರೆ ದೊಡ್ಡವು, ಗೋಡೆಯಲ್ಲಿ ಮಸಿ. ಅಕ್ಕಿ ಅಳೆಯುವ ಡಬ್ಬ ಮಾತ್ರ ದೊಡ್ಡಮ್ಮನ ಕೋಣೆಯಲ್ಲಿರುತ್ತಿತ್ತು. ಬೆಳಗ್ಗೆ ಅವಳೇ ಬಂದು, ಉಗ್ರಾಣದ ಬೀಗ ತೆಗೆದು, ಅಳೆದು ಕೊಟ್ಟು, ಬೀಗ ಹಾಕಿಕೊಂಡು ಹೋಗುತ್ತಿದ್ದಳು. ಮೊದಲ ವಾರಗಳಲ್ಲಿ ಜೀರಿಗೆಯಮ್ಮನಿಗೆ ಇದರಲ್ಲೇನೂ ಹೆಚ್ಚುಕಡಿಮೆ ಕಾಣಲಿಲ್ಲ. ಖಾಲಿ ಹೊಟ್ಟೆಯಿಂದ ಬಂದವಳಿಗೆ ಅರೆಹೊಟ್ಟೆಯೂ ತುಂಬಿದಂತೆಯೇ.

ಮನೆಯ ಗುಟ್ಟು ಅವಳಿಗೆ ತಿಳಿದದ್ದು ಒಂದು ಭಾನುವಾರ. ಅಂಗಳ ಗುಡಿಸುತ್ತಿದ್ದಾಗ ಮಕ್ಕಳು ಕಿಸಿಕಿಸಿ ನಗುವುದು ಕೇಳಿಸಿತು. ಹಾಡು ಚೆನ್ನಾಗಿ ಹೇಳುತ್ತಾಳೆಂದು ಎಲ್ಲರೂ ಕೊಳಲು ಎಂದು ಕರೆಯುವ ಒಂಬತ್ತು ವರ್ಷದ ಹುಡುಗಿಯೊಬ್ಬಳಿದ್ದಳು. ಮಕ್ಕಳು ಅವಳನ್ನು ತಿವಿಯುತ್ತಿದ್ದರು.

"ಲೇ ಕೊಳಲು, ನಿಮ್ಮ ಸತ್ತ ಅಪ್ಪ ಬಂದಿದ್ದಾರೆ ನೋಡೇ."

ರಸ್ತೆಯಾಚೆ, ಮುಚ್ಚಿದ ಅಂಗಡಿಯೊಂದರ ನೆರಳಲ್ಲಿ, ಒಬ್ಬ ಗಂಡಸು ನಿಂತಿದ್ದ. ಬೆನ್ನು ಒಂದು ಕಡೆಗೆ ವಾಲಿತ್ತು. ಕೈ ಬೀಸಲಿಲ್ಲ, ಕರೆಯಲೂ ಇಲ್ಲ. ಕೊಳಲು ಕಿಟಕಿಯ ಸರಳು ಹಿಡಿದು ನಿಂತಳು. ಇಬ್ಬರೂ ಒಬ್ಬರನ್ನೊಬ್ಬರು ನೋಡಿದರು, ಅಷ್ಟೇ. ಸ್ವಲ್ಪ ಹೊತ್ತಿನ ಮೇಲೆ ಅವನು ಹೊರಟುಹೋದ. ಅವನ ಬೆನ್ನಿಗೇ ಒಬ್ಬಳು ಮುದುಕಿ ಬಂದಳು, ಅವಳು ಇನ್ಯಾರದೋ ಸತ್ತ ಅಜ್ಜಿ. ಆಮೇಲೆ ಮಗುವನ್ನು ಸೊಂಟಕ್ಕೇರಿಸಿಕೊಂಡ ಒಬ್ಬಳು, ಇನ್ನೆರಡು ಮಕ್ಕಳ ಸತ್ತ ತಾಯಿ. ಯಾರೂ ರಸ್ತೆ ದಾಟಲಿಲ್ಲ. ಬಂದು, ನಿಂತು, ಮಕ್ಕಳು ಬದುಕಿರುವುದನ್ನು ಕಣ್ಣಲ್ಲಿ ನೋಡಿಕೊಂಡು ಹೋದರು. ಆ ಮನೆಯಲ್ಲಿ ನಿಜವಾಗಿ ಯಾರೂ ಇಲ್ಲದ ಮಕ್ಕಳು ನಾಲ್ಕೋ ಐದೋ ಇದ್ದಿರಬಹುದು. ಉಳಿದವರಿಗೆಲ್ಲ ಇದ್ದ ಒಂದೇ ಕೊರತೆ ಅನ್ನ.

"ಕೊಳಲಿನ ಅಪ್ಪ ಏನು ಕೆಲಸ ಮಾಡ್ತಾರೆ?" ಎಂದು ವ್ಯಾನಿನವನನ್ನು ಕೇಳಿದಳು.

"ತಳ್ಳುಗಾಡಿಯಲ್ಲಿ ಕಬ್ಬಿಣ ಸಾಗಿಸ್ತಿದ್ದ. ಬೆನ್ನು ಮುರಿಯಿತು. ಇಲ್ಲಿಗೆ ಕರೆದುತಂದದ್ದು ನಾನೇ" ಅಂದ ಅವನು, ವ್ಯಾನಿನ ಗಾಜು ಒರೆಸುತ್ತ. "ಏನು ಮಾಡ್ತೀಯಮ್ಮ, ನನಗೂ ಒಂದು ಮನೆ ಇದೆ."

ಆಶ್ರಮಕ್ಕೆ ಆಗಾಗ ಕೊಡುಗೈ ಜನ ಬರುತ್ತಿದ್ದರು. ಅಂಗಡಿಯವರು, ಕಚೇರಿಯವರು, ಹುಟ್ಟಿದ ದಿನ ಆಚರಿಸಲು ಬರುವವರು. ದೊಡ್ಡ ಗುಂಪು ಬರುವುದಿದ್ದರೆ ಅದಕ್ಕೆ ಮೊದಲೇ ಅಳತೆ ಡಬ್ಬ ಕುಗ್ಗುತ್ತಿತ್ತು. "ಈ ವಾರ ಒಂದೇ ಹೊತ್ತು ಬೇಳೆ ಸಾಕು" ಅನ್ನುತ್ತಿದ್ದಳು ದೊಡ್ಡಮ್ಮ. ಬಂದವರು ಮೂಟೆ ಇಳಿಸಿ, ಫೋಟೋ ತೆಗೆಸಿಕೊಂಡು, ಕಣ್ಣೊರೆಸಿಕೊಂಡು ಹೋದ ಮೇಲೆ ಮೂಟೆಗಳು ವ್ಯಾನು ಹತ್ತುತ್ತಿದ್ದವು. ಎಲ್ಲಿಗೆ ಹೋಗುತ್ತವೆಂದು ಕೇಳಬೇಕಾದದ್ದೇನೂ ಇರಲಿಲ್ಲ. ಬೀದಿ ತುದಿಯ ದಿನಸಿ ಅಂಗಡಿಯಲ್ಲಿ ಮರುದಿನ ಅದೇ ಮೂಟೆ, ಅದೇ ಕೆಂಪು ದಾರದ ಹೊಲಿಗೆ.

ಜೀರಿಗೆಯಮ್ಮ ಮೊದಲು ಮಗಳಿಗೊಬ್ಬಳಿಗೇ ತಳದ ಅನ್ನ ಕೆರೆದು ಕೊಡುತ್ತಿದ್ದಳು. ಒಮ್ಮೆ ಬಾಗಿಲ ಸಂದಿಯಲ್ಲಿ ಕೊಳಲು ನಿಂತು ನೋಡುತ್ತಿರುವುದು ಕಂಡಿತು. ಆ ಹುಡುಗಿ ಕೇಳಲಿಲ್ಲ, ಉಗುಳು ನುಂಗಿಕೊಂಡಳು ಅಷ್ಟೇ. ಮರುದಿನದಿಂದ ಜೀರಿಗೆಯಮ್ಮ ಬಸಿದ ಗಂಜಿಯನ್ನು ಚೆಲ್ಲುವುದು ನಿಲ್ಲಿಸಿದಳು. ಅದಕ್ಕೆ ಸೊಪ್ಪಿನ ದಂಟು, ಆಲೂಗಡ್ಡೆ ಸಿಪ್ಪೆ, ಉಪ್ಪು ಹಾಕಿ ಕುದಿಸಿ, ಮಕ್ಕಳು ಮುಖ ತೊಳೆಯಲು ಹಿತ್ತಿಲಿಗೆ ಬಂದಾಗ ಒಬ್ಬೊಬ್ಬರಿಗೆ ಒಂದೊಂದು ಲೋಟ ಕೊಡತೊಡಗಿದಳು. "ಮುಖ ತೊಳೆಯೋಕೆ ಇಷ್ಟೊಂದು ಆತುರ ಇವಕ್ಕೆ ಯಾವಾಗಿಂದ?" ಎಂದು ವ್ಯಾನಿನವನು ನಗುತ್ತಿದ್ದ. ಅವನಿಗೆ ಗೊತ್ತಿತ್ತು, ಹೇಳಲಿಲ್ಲ.

ಮಕ್ಕಳ ಮುಖ ಹೇಳಿತು. ಒಂದು ಬೆಳಗ್ಗೆ ದೊಡ್ಡಮ್ಮ ಅಡುಗೆಮನೆಗೆ ಬಂದು ಸ್ಟೂಲಿನ ಮೇಲೆ ಕೂತಳು.

"ಗಂಜಿ ಏನು ಮಾಡ್ತೀಯ?"

"ಚೆಲ್ತೀನಿ ದೊಡ್ಡಮ್ಮ."

"ಚೆಲ್ತೀಯೋ, ಕುಡಿಸ್ತೀಯೋ?"

ಜೀರಿಗೆಯಮ್ಮ ಸೌಟು ತೊಳೆಯುತ್ತ ನಿಂತಳು.

"ನನ್ನನ್ನ ರಾಕ್ಷಸಿ ಅಂದ್ಕೋಬೇಡ" ಅಂದಳು ದೊಡ್ಡಮ್ಮ, ದನಿ ಏರಿಸದೆ. "ಯಾವುದಕ್ಕಾದರೂ ಜ್ವರ ಬಂದರೆ ತೊಡೆ ಮೇಲೆ ಮಲಗಿಸಿಕೊಳ್ಳೋಳು ನಾನೇ. ಆದರೆ ಮಕ್ಕಳು ದುಂಡುದುಂಡಗೆ ಇದ್ದರೆ ಬಂದೋರು ತಲೆ ಸವರಿ ಹೋಗ್ತಾರೆ. ಮೂಳೆ ಕಂಡರೆ ಮಾತ್ರ ಅವರ ಕೈ ಜೇಬಿಗೆ ಹೋಗೋದು. ಆ ಕೈ ಹೋಗದಿದ್ದರೆ ನಿನ್ನ ಒಲೆ ಉರಿಯುತ್ತಾ?"

"ಹೋದ ಸಲ ಬಂದ ಅಕ್ಕಿ..."

"ಅದು ನಿನ್ನ ಒಲೆಗೆ ಸೇರಿದ ಮಾತಲ್ಲ. ಬಿಡು." ಏಳುವಾಗ ಮತ್ತೆ ಹೇಳಿದಳು: "ಮುಂದಿನ ವಾರ ಚಪ್ಪಲಿ ಅಂಗಡಿಯವರು ಬರ್ತಾರೆ. ದೊಡ್ಡ ಜನ. ಗಂಜಿ ಮೋರಿಗೆ ಹೋಗಲಿ."

ದೊಡ್ಡಮ್ಮ ಹೇಳಿದ್ದೆಲ್ಲ ಸುಳ್ಳಾಗಿರಲಿಲ್ಲ. ಹಿಂದಿನ ತಿಂಗಳು ಒಂದು ಮಗುವಿಗೆ ವಾಂತಿಭೇದಿಯಾದಾಗ ಅವಳೇ ಎತ್ತಿಕೊಂಡು ಆಸ್ಪತ್ರೆಗೆ ಓಡಿದ್ದನ್ನು ಜೀರಿಗೆಯಮ್ಮ ಕಂಡಿದ್ದಳು. ಆ ವಾರ ಗಂಜಿ ಮೋರಿಗೆ ಹೋಯಿತು.

ಚಪ್ಪಲಿ ಅಂಗಡಿಯವರು ಗಂಡ ಹೆಂಡತಿ ಇಬ್ಬರೇ ಬಂದರು. ಗಂಡ ಎತ್ತರ, ಗಡಿಯಾರ ನೋಡಿಕೊಳ್ಳುವ ಅಭ್ಯಾಸ. ಹೆಂಡತಿ ಕನ್ನಡಕದ, ಕಡಿಮೆ ಮಾತಿನ ಹೆಂಗಸು. ಮದುವೆಯಾಗಿ ಬಹಳ ವರ್ಷವಾಗಿದ್ದರೂ ಮಕ್ಕಳಿರಲಿಲ್ಲವೆಂದು ದೊಡ್ಡಮ್ಮ ಮೊದಲೇ ಹೇಳಿದ್ದಳು. ಹಜಾರದಲ್ಲಿ ಅವರನ್ನು ಕೂರಿಸಿ, ಕೊಳಲಿನಿಂದ ಹಾಡು ಹೇಳಿಸಿ, ಆಮೇಲೆ ದೊಡ್ಡಮ್ಮ ಜೀರಿಗೆಯನ್ನು ಮುಂದೆ ಕರೆದಳು. ಜೀರಿಗೆಯಮ್ಮ ನಿಂಬೆ ಪಾನಕದ ಲೋಟಗಳ ತಟ್ಟೆ ಹಿಡಿದು ಬಾಗಿಲಲ್ಲಿ ನಿಂತಿದ್ದಳು.

"ನಮ್ಮಮ್ಮ ಇಸ್ತ್ರಿ ಮಾಡ್ತಿದ್ದರು" ಅಂದಳು ಜೀರಿಗೆ, ಕೈಕಟ್ಟಿಕೊಂಡು. "ಅವರ ಕೈ ಯಾವಾಗಲೂ ಬಿಸಿ ಇರ್ತಿತ್ತು. ಒಂದು ದಿನ ಊಟ ಇರಲಿಲ್ಲ. ಅಮ್ಮ ಮಲಗಿದರು. ನಾನು ಎಬ್ಬಿಸಿದೆ. ಎದ್ದೇಳಲಿಲ್ಲ. ಆಮೇಲೆ ಕೈ ಮುಟ್ಟಿ ನೋಡಿದೆ. ತಣ್ಣಗಿತ್ತು."

ಇದನ್ನು ಯಾರೂ ಹೇಳಿಕೊಟ್ಟಿರಲಿಲ್ಲ. ದೊಡ್ಡಮ್ಮನಿಗೇ ಆಶ್ಚರ್ಯವಾಗಿದ್ದು ಮುಖದಲ್ಲಿ ಕಂಡಿತು. ಕನ್ನಡಕದ ಹೆಂಗಸು ಕನ್ನಡಕ ತೆಗೆದು ಸೆರಗಿನಿಂದ ಒರೆಸಿದಳು, ಮತ್ತೆ ಹಾಕಿಕೊಳ್ಳಲು ಮರೆತಳು. ಜೀರಿಗೆಯಮ್ಮ ತಟ್ಟೆಯನ್ನು ಅಲ್ಲೇ ನೆಲಕ್ಕಿಟ್ಟು ಅಡುಗೆಮನೆಗೆ ಹೋದಳು.

ಅವರು ಹೋದ ಮೇಲೆ ಮಗಳು ಉಗ್ರಾಣದ ಪಕ್ಕದ ಕೋಣೆಗೆ ಬಂದಳು. ಅಲ್ಲಿ ಬೇರೆ ಯಾರೂ ಇರಲಿಲ್ಲ.

"ನಾನು ಚೆನ್ನಾಗಿ ಹೇಳಿದ್ನಾ ಅಕ್ಕ?"

"ಇಲ್ಲಿ ಯಾರೂ ಇಲ್ಲ ಕಣೇ. ಇಲ್ಲಿ ಅಮ್ಮ ಅನ್ನಬಹುದು."

ಜೀರಿಗೆ ಬಾಗಿಲ ಕಡೆ ನೋಡಿದಳು, ಬಾಯಿ ತೆರೆದಳು, ಮುಚ್ಚಿದಳು. "ಬೇಡ ಅಕ್ಕ. ಅಭ್ಯಾಸ ತಪ್ಪಿದರೆ ಊಟ ಹೋಗುತ್ತೆ" ಅಂದಳು. ದೊಡ್ಡವರ ಹಾಗೆ, ವಿವರಿಸುವಂತೆ ಹೇಳಿದಳು.

ಚಪ್ಪಲಿ ಅಂಗಡಿಯ ಹೆಂಗಸು ಮತ್ತೆ ಒಬ್ಬಳೇ ಬಂದಳು. ಜೀರಿಗೆಯನ್ನು ಕಾಗದದ ಮೇಲೆ ನಿಲ್ಲಿಸಿ, ತಾನೇ ನೆಲದ ಮೇಲೆ ಮಂಡಿಯೂರಿ, ಪಾದದ ಸುತ್ತ ಪೆನ್ಸಿಲಿನಿಂದ ಗೆರೆ ಎಳೆದುಕೊಂಡಳು. ಜೀರಿಗೆಗೆ ಕಚಗುಳಿಯಾಗಿ ನಕ್ಕಳು. ಆ ಹೆಂಗಸೂ ನಕ್ಕಳು. ಬಾಗಿಲ ಮರೆಯಿಂದ ನೋಡಿದ ಜೀರಿಗೆಯಮ್ಮನಿಗೆ ಆಕೆಯ ಮೇಲೆ ಸಿಟ್ಟು ಬರಬೇಕಿತ್ತು, ಬರಲಿಲ್ಲ.

ಆ ಸಂಜೆಯೇ ದೊಡ್ಡಮ್ಮ ಕರೆದು ಹೇಳಿದಳು.

"ಅವರು ಇವಳನ್ನ ಮನೆಗೆ ಕರ್ಕೊಂಡು ಹೋಗ್ತಾರೆ. ಮಗಳ ಥರ ಸಾಕ್ತಾರೆ. ಆಶ್ರಮಕ್ಕೂ ಕೈ ತುಂಬ ಕೊಡ್ತಾರೆ. ನಿನ್ನ ಪುಣ್ಯ."

"ಬೇಡ ದೊಡ್ಡಮ್ಮ."

"ಬೇಡ ಅಂದರೆ?"

"ನಾನು ಕಳಿಸಲ್ಲ."

"ನೀನು ಯಾರು ಕಳಿಸೋಕೆ? ನೀನು ಅಡುಗೆಯವಳು" ಅಂದಳು ದೊಡ್ಡಮ್ಮ. ಸಿಟ್ಟೇನೂ ಇರಲಿಲ್ಲ, ಮರೆತವರಿಗೆ ನೆನಪಿಸುವ ದನಿ. "ಯೋಚನೆ ಮಾಡು. ಅಲ್ಲಿ ಹಾಲು, ಹಣ್ಣು, ಸ್ಕೂಲು. ನಿನ್ನ ಹತ್ತಿರ ಏನಿದೆ? ಗೋಡೆ ಸುಣ್ಣ."

ಜೀರಿಗೆಯಮ್ಮ ಯೋಚನೆ ಮಾಡಿದಳು. ಆ ವಾರವೆಲ್ಲ ಮಾಡಿದಳು. ಒಲೆ ಮುಂದೆ ಕೂತಾಗ ಹೋಗಲಿ ಅನಿಸುತ್ತಿತ್ತು. ಮಗಳ ತಲೆ ಬಾಚುವಾಗ ಸಾಧ್ಯವೇ ಇಲ್ಲ ಅನಿಸುತ್ತಿತ್ತು. ಕಳಿಸಿದರೆ ಮಗಳು ಉಣ್ಣುತ್ತಾಳೆ, ಇದರಲ್ಲಿ ಅನುಮಾನವಿಲ್ಲ. ಆದರೆ ಕರೆದೊಯ್ಯುವ ಹೆಂಗಸಿಗೆ ತಾನು ಸತ್ತವಳ ಮಗಳನ್ನು ತಂದುಕೊಂಡೆ ಎಂಬ ನಂಬಿಕೆ. ಆ ನಂಬಿಕೆ ಉಳಿಯಬೇಕೆಂದರೆ ಜೀರಿಗೆ ಜೀವಮಾನವೆಲ್ಲ ಆಟ ಆಡುತ್ತಲೇ ಇರಬೇಕು. ಕೊನೆಗೆ ಅವಳಿಗೆ ಒಂದೇ ದಾರಿ ಕಂಡಿತು: ನಿಜ ಹೇಳಿಬಿಡುವುದು, ಮಿಕ್ಕದ್ದು ಆದ ಹಾಗಾಗಲಿ.

ಗಂಡ ಹೆಂಡತಿ ಕರೆದೊಯ್ಯಲು ಬಂದ ದಿನ ಅವಳು ತಟ್ಟೆ ಹಿಡಿಯದೆ ಬರಿಗೈಯಲ್ಲಿ ಹಜಾರಕ್ಕೆ ಬಂದಳು. ಕನ್ನಡಕದ ಹೆಂಗಸು ಜೀರಿಗೆಗೆ ಹೊಸ ಬೂಟು ತೊಡಿಸುತ್ತಿದ್ದಳು.

"ಅಮ್ಮಾ, ಇವಳು ನನ್ನ ಮಗಳು" ಅಂದಳು ಜೀರಿಗೆಯಮ್ಮ. "ಇವಳಮ್ಮ ಸತ್ತಿಲ್ಲ. ಇಲ್ಲೇ ಅಡುಗೆ ಮಾಡ್ಕೊಂಡಿದ್ದೀನಿ."

ಗಂಡ ದೊಡ್ಡಮ್ಮನ ಮುಖ ನೋಡಿದ. ದೊಡ್ಡಮ್ಮ ನಿಟ್ಟುಸಿರು ಬಿಟ್ಟಳು. "ಪಾಪ, ಇವಳಿಗೆ ಸ್ವಲ್ಪ ತಲೆ ಸರಿಯಿಲ್ಲ. ಮಗು ಕಳ್ಕೊಂಡಿದ್ದಾಳೆ. ಬೇಕಾದರೆ ಅವಳನ್ನೇ ಕೇಳಿ" ಎಂದು ಜೀರಿಗೆಯ ಕಡೆ ಕೈ ತೋರಿದಳು.

ಕನ್ನಡಕದ ಹೆಂಗಸು ಮಗುವಿನ ಮಟ್ಟಕ್ಕೆ ಬಗ್ಗಿ ಕೇಳಿದಳು. "ಪುಟ್ಟಾ, ಇವರು ಯಾರು?"

ಜೀರಿಗೆ ತಾಯಿಯನ್ನು ನೋಡಿದಳು. ದೊಡ್ಡಮ್ಮನನ್ನು ನೋಡಿದಳು. ಅಡುಗೆಮನೆಯ ಬಾಗಿಲನ್ನೂ ನೋಡಿದಳು.

"ಅಡುಗೆಯಕ್ಕ" ಅಂದಳು.

"ಆಟ ಮುಗೀತು ಕಂದ" ಅಂದಳು ಜೀರಿಗೆಯಮ್ಮ. "ಇನ್ನು ಸೋಲೂ ಇಲ್ಲ, ಗೆಲುವೂ ಇಲ್ಲ. ಹೇಳು."

"ಅಡುಗೆಯಕ್ಕ" ಅಂದಳು ಮತ್ತೆ. ಈ ಸಲ ದನಿ ಸಣ್ಣದಾಗಿತ್ತು. ಹೊಸ ಬೂಟಿನೊಳಗೆ ನಿಂತಿದ್ದಂತೆಯೇ ಅವಳ ಕಾಲ ಸುತ್ತ ನೆಲ ಒದ್ದೆಯಾಯಿತು.

ಕನ್ನಡಕದ ಹೆಂಗಸು ಒದ್ದೆ ನೆಲವನ್ನು ನೋಡಿದಳು, ಆಮೇಲೆ ಎದ್ದು ನಿಂತು ಜೀರಿಗೆಯಮ್ಮನನ್ನು ನೋಡಿದಳು. ಗಂಡ ಅವಳ ತೋಳು ಮುಟ್ಟಿ ಮೆಲ್ಲಗೆ "ತಂಟೆ ಇರೋ ಕಡೆ ನಮಗೆ ಬೇಡ, ನಡಿ" ಅಂದ. ಅವಳು ಹೊರಟಳು. ಬೂಟುಗಳನ್ನು ಬಿಚ್ಚಿಸಿಕೊಳ್ಳಲಿಲ್ಲ.

ಕಾರು ಮರೆಯಾಗುವ ತನಕ ದೊಡ್ಡಮ್ಮ ಬಾಗಿಲಲ್ಲೇ ನಿಂತಿದ್ದು, ಆಮೇಲೆ ಒಳಬಂದು "ಈಗಲೇ ಹೊರಡು. ಅವಳನ್ನೂ ಕರ್ಕೊಂಡು ಹೋಗು. ಇನ್ನು ಇವಳನ್ನ ಯಾರ ಮುಂದೆ ನಿಲ್ಲಿಸಲಿ?" ಅಂದಳು. ಜೀರಿಗೆ ಗೇಟಿನ ಕಂಬ ತಬ್ಬಿಕೊಂಡು ಬಿಡಲಿಲ್ಲ. "ಅಲ್ಲಿ ಊಟ ಇದೆಯಾ?" ಎಂದು ಕೇಳಿದಳು. ತಾಯಿ ಅವಳ ಬೆರಳುಗಳನ್ನು ಒಂದೊಂದಾಗಿ ಬಿಡಿಸಿ ಎತ್ತಿಕೊಂಡಳು. ಆಗಲೇ ವ್ಯಾನಿನವನು ಬಂದು, ಯಾರ ಮುಖವನ್ನೂ ನೋಡದೆ, "ವ್ಯಾನ್ ಹತ್ತಿ" ಅಂದ. ಬಸ್ ನಿಲ್ದಾಣದ ಬಳಿಯ ಕ್ಯಾಂಟೀನಿನಲ್ಲಿ ಅವನ ತಂಗಿಯ ಗಂಡ ಅಡುಗೆಯ ಮುಖ್ಯಸ್ಥ. ಪಾತ್ರೆ ತಿಕ್ಕಲು ಜನ ಬೇಕಿತ್ತು. ಇಳಿಸುವಾಗ ಅವನು "ನಾನು ಕರ್ಕೊಂಡು ಬಂದ ಮಕ್ಕಳು ಇನ್ನೂ ಒಳಗಿದ್ದಾರಲ್ಲಮ್ಮ" ಅಂದ.

ಕ್ಯಾಂಟೀನಿನ ಕೆಲಸ ಹಗುರದ್ದೇನಲ್ಲ. ಎಣ್ಣೆ ಹಿಡಿದ ಬಾಣಲೆ, ಬಿಸಿನೀರು, ಸೋಪಿಗೆ ಬಿರಿದ ಅಂಗೈ. ಆದರೆ ವಾರಕ್ಕೊಮ್ಮೆ ಕೂಲಿ ಬರುತ್ತಿತ್ತು, ಮಗಳು ಪಕ್ಕದಲ್ಲೇ ಮರದ ಪೆಟ್ಟಿಗೆಯ ಮೇಲೆ ಕೂತು ಉಣ್ಣಬಹುದಿತ್ತು. ಜೀರಿಗೆ ಬಹಳ ದಿನ ಬ್ರೆಡ್ಡಿನ ತುಂಡುಗಳನ್ನು ಚಾಪೆಯ ಕೆಳಗೆ ಇಡುತ್ತಿದ್ದಳು. ಇರುವೆ ಬಂದ ಮೇಲೆ ಜಾಗ ಬದಲಿಸಿದಳೇ ಹೊರತು ಇಡುವುದನ್ನು ಬಿಡಲಿಲ್ಲ. ತಾಯಿಯನ್ನು ಅವಳು ಅಮ್ಮ ಅನ್ನಲೂ ಇಲ್ಲ, ಅಕ್ಕ ಅನ್ನಲೂ ಇಲ್ಲ. ಹತ್ತಿರ ಬಂದು ಸೆರಗು ಎಳೆಯುತ್ತಿದ್ದಳು. ಒಂದು ಬೆಳಗ್ಗೆ ನಲ್ಲಿಯ ಬಳಿ ಕಣ್ಣಿಗೆ ಸೋಪು ಹೋದಾಗ ಬೀದಿಗೆಲ್ಲ ಕೇಳುವ ಹಾಗೆ "ಅಮ್ಮಾ" ಎಂದು ಕೂಗಿದಳು. ಜೀರಿಗೆಯಮ್ಮ ಓಡಿ ಹೋಗಿ ಕಣ್ಣಿಗೆ ನೀರು ಹಾಕಿದಳು.

ಚಪ್ಪಲಿ ಅಂಗಡಿಯ ಹೆಂಗಸು ಸುಮ್ಮನಿರಲಿಲ್ಲವೆಂದು ಆಮೇಲೆ ತಿಳಿಯಿತು. ಗಂಡನಿಗೆ ಹೇಳದೆ ಅವಳು ಒಂದು ಭಾನುವಾರ ಆಶ್ರಮದೆದುರು ಕಾರಿನಲ್ಲಿ ಕೂತು, ರಸ್ತೆಯಾಚೆ ಬಂದು ನಿಂತವರನ್ನು ಮಾತಾಡಿಸಿದ್ದಳು. ಮುದುಕಿಯೊಬ್ಬಳು ಬಾಯಿ ಬಿಟ್ಟಿದ್ದಳು. ಚಪ್ಪಲಿ ಅಂಗಡಿಯಾಕೆ ದೂರು ಕೊಟ್ಟ ಮೇಲೆ ಮಕ್ಕಳ ಇಲಾಖೆಯವರು ಬಂದರು, ಉಗ್ರಾಣದ ಬೀಗ ತೆಗೆಸಿದರು, ಮಕ್ಕಳನ್ನು ಸಾಲಾಗಿ ನಿಲ್ಲಿಸಿ ಹೆಸರು ಕೇಳಿದರು. ಯಾರೂ ಇಲ್ಲದವರನ್ನು ಬೇರೆ ಕಡೆ ಸೇರಿಸಿದರು. ಅಪ್ಪ ಅಮ್ಮ ಇದ್ದವರನ್ನು ಅಪ್ಪ ಅಮ್ಮನಿಗೆ ಒಪ್ಪಿಸಿದರು. ದೊಡ್ಡಮ್ಮನ ಮೇಲೆ ಕೇಸಾಯಿತು. ಜಾಮೀನಿನ ಮೇಲೆ ಹೊರಬಂದು ಬೇರೆ ಊರಿಗೆ ಹೋದಳೆಂದು ವ್ಯಾನಿನವನು ಹೇಳಿದ. ಅವನಿಗೂ ಕೆಲಸ ಹೋಗಿ ಬಾಡಿಗೆ ಆಟೋ ಓಡಿಸುತ್ತಿದ್ದ.

ಇದೆಲ್ಲ ಮುಗಿದು ಕೆಲ ವಾರಗಳಾದ ಮೇಲೆ, ಮಧ್ಯಾಹ್ನದ ಗದ್ದಲ ಇಳಿದಾಗ, ಕ್ಯಾಂಟೀನಿನ ಹಿಂಬಾಗಿಲಲ್ಲಿ ಒಬ್ಬ ಗಂಡಸು ಬಂದು ನಿಂತ. ಮಿಕ್ಕ ಅನ್ನ ಕೇಳುವವರು ಬರುವುದು ಆ ಬಾಗಿಲಿಗೇ. ಬೆನ್ನು ಒಂದು ಕಡೆಗೆ ವಾಲಿತ್ತು. ಪಕ್ಕದಲ್ಲಿ ಕೊಳಲು. ಆಶ್ರಮದಲ್ಲಿದ್ದಾಗಿನದಕ್ಕಿಂತ ಇನ್ನೂ ಇಳಿದುಹೋಗಿದ್ದಳು.

ಭಾನುವಾರಗಳಲ್ಲಿ ಅಂಗಳ ಗುಡಿಸುವುದನ್ನು ಕಂಡಿದ್ದ ಅವನು ಜೀರಿಗೆಯಮ್ಮನ ಗುರುತು ಹಿಡಿದ.

"ನೀವಲ್ವಾ ಚಪ್ಪಲಿ ಅಂಗಡಿಯವರ ಮುಂದೆ ಬಾಯಿ ಬಿಟ್ಟಿದ್ದು?"

"ಹೌದು."

"ಬಾಯಿ ಮುಚ್ಕೊಂಡಿದ್ದರೆ ನನ್ನ ಮಗಳು ಹೊತ್ತಿಗೆ ಒಂದು ತುತ್ತಾದರೂ ಉಣ್ತಿದ್ದಳು" ಅಂದ. ಜಗಳಕ್ಕೆ ಬಂದವನ ದನಿಯಲ್ಲ ಅದು. ಜಗಳಕ್ಕೂ ಶಕ್ತಿ ಬೇಕು. "ಅರ್ಧ ಹೊಟ್ಟೆಯೋ, ಕಾಲು ಹೊಟ್ಟೆಯೋ. ವಾರಕ್ಕೊಂದು ಸಲ ಬಂದು ನೋಡ್ಕೊಂಡು ಹೋಗ್ತಿದ್ದೆ. ಈಗ ಮನೆಯಲ್ಲಿ ಹಾಡೂ ಹೇಳಲ್ಲ ಇವಳು."

ಅವಳಿಗೆ ಹೇಳಬೇಕಾದ ಮಾತುಗಳು ಬಹಳ ಇದ್ದವು. ಅಳತೆ ಡಬ್ಬದ ಮಾತು, ಕೆಂಪು ದಾರದ ಮೂಟೆಯ ಮಾತು, ನಿಮ್ಮ ಮಗಳ ಮೂಳೆ ತೋರಿಸಿ ಯಾರೋ ಉಂಡರು ಎಂಬ ಮಾತು. ಅದರಲ್ಲಿ ಯಾವುದೂ ಕೊಳಲಿನ ಹೊಟ್ಟೆಗೆ ಹೋಗುವುದಲ್ಲ. ತಾನೂ ಒಂದು ದಿನ ಬೇಳೆಯ ವಾಸನೆಗೆ "ಆಗುತ್ತೆ" ಅಂದವಳೇ.

"ಒಳಗೆ ಬನ್ನಿ. ಮೊದಲು ಕೂತ್ಕೊಳ್ಳಿ" ಅಂದಳು.

ಎರಡು ತಟ್ಟೆ ಅನ್ನ ಹಾಕಿಕೊಟ್ಟಳು. ಕೊಳಲು ತಲೆಯೆತ್ತದೆ ಉಂಡಳು. ಅವನು ತನ್ನ ತಟ್ಟೆಯನ್ನು ತೊಡೆಯ ಮೇಲಿಟ್ಟುಕೊಂಡು, ಮಗಳದು ಖಾಲಿಯಾಗುವ ತನಕ ಕೈ ಹಾಕಲಿಲ್ಲ. ಜೀರಿಗೆ ಪೆಟ್ಟಿಗೆಯಿಂದಿಳಿದು ಬಂದು ಕೊಳಲಿನ ಪಕ್ಕ ಕೂತಳು.

ಜೀರಿಗೆಯಮ್ಮ ಕೈ ಒರೆಸಿಕೊಂಡು ಒಳಗೆ ಹೋಗಿ ಮುಖ್ಯಸ್ಥನ ಜೊತೆ ಮಾತಾಡಿ ಬಂದಳು.

"ಈರುಳ್ಳಿ ಸುಲಿಯೋಕೆ ಜನ ಬೇಕಂತೆ. ಕೂತು ಮಾಡೋ ಕೆಲಸ. ಬೆನ್ನಿಗೆ ಭಾರ ಇಲ್ಲ."

ಅವನು ನಂಬದವನಂತೆ ನೋಡಿದ. "ಊಟ ಕೊಡ್ತಾರಾ?"

"ಕೊಡ್ತಾರೆ. ಆದರೆ ಬರೀ ಊಟಕ್ಕೆ ಒಪ್ಪಬೇಡಿ. ಕೂಲಿ ಎಷ್ಟು ಅಂತ ಕೇಳಿ. ನಿಮ್ಮ ಬಾಯಿಂದ ನೀವೇ ಕೇಳಬೇಕು, ನಾನು ಕೇಳಲ್ಲ."

ಅವನು ತಟ್ಟೆ ತೊಳೆದಿಟ್ಟು, ಮಗಳ ಕೈ ಹಿಡಿದು, ಹೋಗಿಬರುತ್ತೇನೆ ಎಂದೂ ಹೇಳದೆ ಹೋದ. ಮರುದಿನ ಅವಳು ಹಿಂಬಾಗಿಲು ತೆರೆದಾಗ ಮೆಟ್ಟಿಲ ಮೇಲೆ ಕೂತಿದ್ದ. ಕೊಳಲು ಅವನ ವಾಲಿದ ಬೆನ್ನಿಗೆ ಒರಗಿಕೊಂಡು ನಿದ್ದೆ ಮಾಡುತ್ತಿದ್ದಳು. ಅವನು ಮೆಲ್ಲಗೆ, ಮಗಳಿಗೆ ಎಚ್ಚರವಾಗದ ಹಾಗೆ, ಕೇಳಿದ.

"ಕೂಲಿ ಎಷ್ಟು ಅಂತ ಯಾರನ್ನ ಕೇಳಬೇಕು?"